ಧರ್ಮಕ್ಷೇತ್ರದ ಗಾನವೃಂದ: ಪದೇ ಪದೇ ಕೇಳುವ ಪ್ರಶ್ನೆಗಳು

ನಮ್ಮ ಕಥೋಲಿಕ ಚರ್ಚಿನಲ್ಲಿ ಪೂಜೆ (ಮಾಸ್) ಮುಗಿದು ಹಾರ್ಮೋನಿಯಂ ಮುಚ್ಚುವ ಹೊತ್ತಿಗೆ ಯಾರಾದರೂ ಹತ್ತಿರ ಬಂದೇ ಬರುತ್ತಾರೆ. "ನಾನೂ ಸೇರಬಹುದಾ?" "ಇವತ್ತು ಲ್ಯಾಟಿನ್ ಯಾಕೆ ಹಾಡಿದ್ರಿ?" "ಮಗಳ ಮದುವೆಗೆ ಬರ್ತೀರಾ?" ಹದಿನೆಂಟು ವರ್ಷದಿಂದ ಕನ್ನಡ ಗಾನವೃಂದದಲ್ಲಿ ಹಾಡುತ್ತಿದ್ದೇನೆ. ಊರಿನ ಚರ್ಚಿನಲ್ಲಿ ಶುರು ಮಾಡಿದೆ, ಆಮೇಲೆ ಧರ್ಮಕ್ಷೇತ್ರದ ವೃಂದಕ್ಕೆ ಬಂದೆ. ಕೇಳಿದವರಿಗೆ ಮೆಟ್ಟಿಲ ಮೇಲೆ ನಿಂತು ಅರ್ಧ ಉತ್ತರ ಕೊಟ್ಟಿದ್ದೇ ಜಾಸ್ತಿ. ಇಲ್ಲಿ ಕೂತು ಪೂರ್ತಿ ಹೇಳುತ್ತೇನೆ.

ಧರ್ಮಕ್ಷೇತ್ರದ ಗಾನವೃಂದ ನಮ್ಮ ಚರ್ಚಿನ ಗಾನವೃಂದಕ್ಕಿಂತ ಬೇರೆಯಾ?

ಹಾಡುವವರು ಬೇರೆಯಲ್ಲ, ಸಂದರ್ಭ ಬೇರೆ. ಒಬ್ಬ ಧರ್ಮಾಧ್ಯಕ್ಷರ (ಬಿಷಪ್) ಆಡಳಿತಕ್ಕೆ ಸೇರಿದ ಎಲ್ಲ ಚರ್ಚುಗಳೂ ಕೂಡಿ ಒಂದು ಧರ್ಮಕ್ಷೇತ್ರ. ಮೈಸೂರು ಧರ್ಮಕ್ಷೇತ್ರ ಆದದ್ದು 1886ರಲ್ಲಿ. ಬೆಂಗಳೂರು ಅದರಿಂದ 1940ರಲ್ಲಿ ಬೇರೆಯಾಯಿತು, 1953ರಲ್ಲಿ ಮಹಾಧರ್ಮಕ್ಷೇತ್ರ, ಅಂದರೆ ಆರ್ಚ್‌ಬಿಷಪ್ ಇರುವ ಧರ್ಮಕ್ಷೇತ್ರವಾಯಿತು. ಮಂಗಳೂರಿನಿಂದ ಉಡುಪಿ ಬೇರೆಯಾದದ್ದು ಮೊನ್ನೆ ಮೊನ್ನೆ, 2012ರಲ್ಲಿ.

ಪ್ರತಿ ಚರ್ಚಿಗೂ ತನ್ನದೇ ಗಾನವೃಂದ ಇರುತ್ತದೆ. ಭಾನುವಾರದ ಪೂಜೆ ಅವರ ಪಾಲು. ಇಡೀ ಧರ್ಮಕ್ಷೇತ್ರ ಒಟ್ಟಿಗೆ ಸೇರುವ ದಿನಗಳೂ ಇವೆ. ಹೊಸ ಗುರುಗಳ (ಪಾದ್ರಿಗಳ) ದೀಕ್ಷೆ, ಈಸ್ಟರ್‌ಗೆ ಮುಂಚಿನ ಪವಿತ್ರ ವಾರದ ಆಸುಪಾಸಿನಲ್ಲಿ ಧರ್ಮಾಧ್ಯಕ್ಷರು ಮೂರು ಬಗೆಯ ತೈಲಗಳನ್ನು ಆಶೀರ್ವದಿಸುವ ಪೂಜೆ, ಜೂಬಿಲಿ ಹಬ್ಬ. ಆಗ ಬೇರೆ ಬೇರೆ ಚರ್ಚುಗಳಿಂದ ಇಬ್ಬರು ಮೂವರು ಬಂದು ಒಂದಾಗಿ ಹಾಡುತ್ತಾರೆ. ಅದೇ ಧರ್ಮಕ್ಷೇತ್ರದ ಗಾನವೃಂದ.

ಒಂದೇ ಹಾಡನ್ನು ಒಂದೊಂದು ಊರಿನವರು ಒಂದೊಂದು ರೀತಿ ಹಾಡುತ್ತಾರೆ ಅನ್ನುವುದು ಗೊತ್ತಾಗುವುದೇ ಇಂಥ ದಿನ. ಮೊದಲ ಅಭ್ಯಾಸದ ಅರ್ಧ ಹೊತ್ತು "ನಮ್ಮಲ್ಲಿ ಹೀಗಲ್ಲ" ಅನ್ನುವ ಮಾತಿನಲ್ಲೇ ಕಳೆಯುತ್ತದೆ.

ಗಾನವೃಂದದ ಕೆಲಸ ಚೆನ್ನಾಗಿ ಹಾಡುವುದು ತಾನೇ?

ಅದೂ ಹೌದು. ಆದರೆ ಮೊದಲ ಕೆಲಸ ಬೇರೆ ಇದೆ: ಬೆಂಚಿನಲ್ಲಿ ಕೂತವರು ಹಾಡುವ ಹಾಗೆ ಮಾಡುವುದು.

ಇದು ನನ್ನ ಸ್ವಂತ ಅಭಿಪ್ರಾಯ ಅಂದುಕೊಳ್ಳಬೇಡಿ. ಜಗತ್ತಿನ ಧರ್ಮಾಧ್ಯಕ್ಷರೆಲ್ಲ ಕೂಡಿದ ಎರಡನೇ ವ್ಯಾಟಿಕನ್ ಮಹಾಸಭೆ ಆದ ಮೇಲೆ, 1967ರ ಮಾರ್ಚ್‌ನಲ್ಲಿ, ಪವಿತ್ರ ಸಂಗೀತದ ಬಗ್ಗೆ ರೋಮ್ ಒಂದು ಸೂಚನೆ ಕೊಟ್ಟಿತು. ಪೂಜೆಯಲ್ಲಿ ಏನನ್ನೆಲ್ಲ ಹಾಡಬೇಕು ಅನ್ನುವುದನ್ನು ಅದು ಮೂರು ಮಟ್ಟ ಮಾಡಿ ಹೇಳುತ್ತದೆ. ಮೊದಲ ಮಟ್ಟದಲ್ಲಿ ಇರುವುದು ಗುರುಗಳು ಮತ್ತು ಜನರ ನಡುವಿನ ಸಂವಾದ, ಶುಭಸಂದೇಶದ (ಬೈಬಲಿನಲ್ಲಿ ಯೇಸುವಿನ ಬದುಕು ಹೇಳುವ ಭಾಗ) ಘೋಷಣೆಗಳು, "ಪವಿತ್ರ ಪವಿತ್ರ ಪವಿತ್ರ", ಪ್ರಭು ಕಲಿಸಿದ ಪ್ರಾರ್ಥನೆ. ಎರಡನೆಯದರಲ್ಲಿ ದಯೆ ಬೇಡುವ ಪ್ರಾರ್ಥನೆ, ಮಹಿಮೆಯ ಗೀತೆ, ವಿಶ್ವಾಸ ಪ್ರಮಾಣ, ದೇವರ ಕುರಿಮರಿಯ ಪ್ರಾರ್ಥನೆ. ಪ್ರವೇಶ ಗೀತೆ, ಕಾಣಿಕೆ ಗೀತೆ, ಪರಮಪ್ರಸಾದದ (ಪೂಜೆಯಲ್ಲಿ ಕೊಡುವ ಪವಿತ್ರ ರೊಟ್ಟಿ) ಗೀತೆಗಳ ಸರದಿ ಮೂರನೆಯದರಲ್ಲಿ.

ನಾವು ಮಾಡುವುದು ತಲೆಕೆಳಗು, ಅಲ್ವಾ? ಪ್ರವೇಶ ಗೀತೆಗೆ ಎರಡು ವಾರ ಅಭ್ಯಾಸ ಮಾಡುತ್ತೇವೆ. "ಪವಿತ್ರ" ಬಂದಾಗ ಬಾಯಲ್ಲಿ ಓದಿ ಮುಗಿಸುತ್ತೇವೆ. ನಾನೂ ವರ್ಷಗಟ್ಟಲೆ ಹಾಗೇ ಮಾಡಿದೆ. ಈಗ ನಮ್ಮ ವೃಂದದಲ್ಲಿ ಪಟ್ಟಿ ಮಾಡುವಾಗ ಮೊದಲು ಬರೆಯುವುದು ಜನ ಹಾಡುವ ಭಾಗಗಳನ್ನು. ಹೊಸ ಹಾಡಿನ ಮಾತು ಆಮೇಲೆ.

ಹಾಗಾದರೆ ಗಾನವೃಂದ ತಾನೊಂದೇ ಹಾಡುವುದು ತಪ್ಪಾ?

ತಪ್ಪಲ್ಲ. ಕೇಳುವುದೂ ಪ್ರಾರ್ಥನೆಯೇ. ಪರಮಪ್ರಸಾದ ಸ್ವೀಕರಿಸಿ ಬಂದು ಕೂತವರಿಗೆ ಒಂದು ಹಾಡನ್ನು ಸುಮ್ನೆ ಕೇಳುವ ಸಮಯ ಬೇಕು. ಆದರೆ ಇಡೀ ಪೂಜೆಯಲ್ಲಿ ಜನ ಬಾಯಿ ತೆರೆಯದೆ ಹೋದರೆ ನಾವು ಎಷ್ಟು ಚೆನ್ನಾಗಿ ಹಾಡಿದ್ದರೂ ಕೆಲಸ ಆಗಿಲ್ಲ. ಅದಕ್ಕೇ ಶ್ರುತಿಯನ್ನು ತೀರ ಮೇಲಕ್ಕೆ ಏರಿಸುವುದಿಲ್ಲ. ನಮ್ಮ ಒಳ್ಳೆಯ ಗಾಯಕಿಗೆ ಹಿತವಾಗುವ ಶ್ರುತಿ ಮೂರನೇ ಬೆಂಚಿನ ಅಜ್ಜನಿಗೆ ಎಟುಕುವುದಿಲ್ಲ.

ಕನ್ನಡದಲ್ಲಿ ಪೂಜೆ ಹಾಡಲು ಶುರುವಾದದ್ದು ಯಾವಾಗ?

ಪೂಜೆಯ ಭಾಷೆ ಕನ್ನಡವಾದದ್ದು 1960ರ ದಶಕದಲ್ಲಿ. ವ್ಯಾಟಿಕನ್ ಮಹಾಸಭೆ ದೈವಾರಾಧನೆಯ ಬಗ್ಗೆ ತನ್ನ ದಸ್ತಾವೇಜನ್ನು ಹೊರಡಿಸಿದ್ದು 1963ರ ಡಿಸೆಂಬರ್ 4ರಂದು. ಆಯಾ ನಾಡಿನ ಭಾಷೆಗೆ ಬಾಗಿಲು ತೆರೆದದ್ದು ಅದು. ಅಲ್ಲಿಯವರೆಗೆ ಪೂಜೆ ಲ್ಯಾಟಿನ್‌ನಲ್ಲಿತ್ತು.

ಹಾಗಂತ ಅದಕ್ಕೂ ಮೊದಲು ಕನ್ನಡದ ಭಕ್ತಿ ಇರಲಿಲ್ಲ ಅಂದುಕೊಳ್ಳಬಾರದು. 17ನೇ ಶತಮಾನದಲ್ಲೇ ಜೆಸ್ವಿತ್ ಅನ್ನುವ ಸನ್ಯಾಸಿ ಸಂಘದ ಗುರುಗಳು ಶ್ರೀರಂಗಪಟ್ಟಣಕ್ಕೆ ಬಂದು ಕನ್ನಡ ಕಲಿತು ಕೆಲಸ ಮಾಡಿದ್ದರು. ಪೂಜೆಯೊಳಗೆ ಕನ್ನಡ ಬಾರದಿದ್ದರೂ ಪೂಜೆಯ ಹೊರಗೆ ಜಾಗವಿತ್ತು: ಜಪಸರ (ರೋಸರಿ), ಯೇಸುವಿನ ಯಾತನೆಯನ್ನು ನೆನೆಯುವ ಶಿಲುಬೆ ಹಾದಿ, ಹಬ್ಬದ ತೇರು. ನಮ್ಮ ಹಳೇ ಮೈಸೂರು ಕಡೆಯ ಅಜ್ಜಿಯರಿಗೆ ಬಾಯಿಪಾಠ ಇರುವ ಹಾಡುಗಳಲ್ಲಿ ಈಸ್ಟರ್‌ಗೆ ಮುಂಚಿನ ತಪಸ್ಸುಕಾಲದ್ದು ಮತ್ತು ಮಾತೆ ಮರಿಯಮ್ಮನವರದ್ದೇ ಜಾಸ್ತಿ. ಕಾರಣ ಇದೇ ಅಂತ ನನಗೆ ಅನ್ನಿಸುತ್ತದೆ.

ಬೆಂಗಳೂರಿನಲ್ಲಿ 1967ರಲ್ಲಿ ಶುರುವಾದ ರಾಷ್ಟ್ರೀಯ ಕೇಂದ್ರವೊಂದನ್ನೂ ಇಲ್ಲಿ ನೆನೆಯಬೇಕು. ಬೈಬಲ್, ಧರ್ಮೋಪದೇಶ ಮತ್ತು ದೈವಾರಾಧನೆಗಾಗಿ ಇರುವ ಆ ಸಂಸ್ಥೆಯನ್ನು ಫಾದರ್ ಅಮಲೋರ್‌ಪವದಾಸ್ ಕಟ್ಟಿ ಬೆಳೆಸಿದರು. ಭಾರತದ ರೀತಿಯಲ್ಲಿ ಆರಾಧನೆ ಹೇಗಿರಬೇಕು ಅನ್ನುವ ಚರ್ಚೆಗೆ ಅದು ಮನೆಯಾಯಿತು. ಒಬ್ಬರು ಹೇಳಿಕೊಟ್ಟು ಎಲ್ಲರೂ ಮರುದನಿ ಕೊಡುವ ಭಜನೆಯ ಕ್ರಮ ಇವತ್ತು ನಮಗೆ ಸಹಜವಾಗಿದೆ. ಪುಸ್ತಕ ಬೇಡ, ಪರದೆ ಬೇಡ, ಓದು ಬಾರದವರೂ ಹಾಡಬಹುದು.

ಗ್ರೆಗೋರಿಯನ್ ಗಾಯನ ಅಂದರೆ ಏನು? ಅದಕ್ಕೂ ನಮ್ಮ ರಾಗಕ್ಕೂ ಸಂಬಂಧ ಇದೆಯಾ?

ಇದನ್ನು ಕೇಳಿದರೆ ನನಗೆ ಸಂಜೆಯೆಲ್ಲ ಮಾತಾಡಬೇಕು ಅನ್ನಿಸುತ್ತದೆ.

ಗ್ರೆಗೋರಿಯನ್ ಗಾಯನ ರೋಮನ್ ವಿಧಿಯ, ಅಂದರೆ ನಾವು ಪಾಲಿಸುವ ಕ್ರಮದ, ಪೂಜೆಯ ಸ್ವಂತ ಸಂಗೀತ. ಒಂದೇ ದನಿ, ವಾದ್ಯವಿಲ್ಲ, ಎಣಿಸುವ ತಾಳವಿಲ್ಲ. ಬೈಬಲಿನ ಮಾತು ಹೇಗೆ ನಡೆಯುತ್ತದೋ ಹಾಗೆ ರಾಗ ನಡೆಯುತ್ತದೆ. ಹೆಸರು ಪೋಪ್ ಗ್ರೆಗೊರಿ ಅವರದ್ದು; ಅವರು ಪೋಪ್ ಆಗಿದ್ದದ್ದು 590ರಿಂದ 604ರವರೆಗೆ. ಆದರೆ ಈಗ ನಾವು ಕೇಳುವ ರೂಪ ಬಂದದ್ದು ಅವರ ಕಾಲದ ನಂತರ, 8 ಮತ್ತು 9ನೇ ಶತಮಾನದಲ್ಲಿ, ಇಂದಿನ ಫ್ರಾನ್ಸ್ ಮತ್ತು ಜರ್ಮನಿಯ ಕಡೆ. ಮುಂದೆ ಅದು ಸೊರಗಿತು. 1833ರಲ್ಲಿ ಮತ್ತೆ ತೆರೆದ ಫ್ರಾನ್ಸಿನ ಸೊಲೆಮ್ ಮಠದ ಸನ್ಯಾಸಿಗಳು ಹಳೆಯ ಹಸ್ತಪ್ರತಿಗಳನ್ನು ಹುಡುಕಿ, ಹೋಲಿಸಿ, ಹಾಡಿ ಅದಕ್ಕೆ ಜೀವ ತಂದರು. ಅದನ್ನು ಬರೆಯುವುದು ನಾಲ್ಕು ಗೆರೆಗಳ ಮೇಲೆ, ಚೌಕಾಕಾರದ ಸ್ವರಗಳಲ್ಲಿ.

ಈಗ ನಮ್ಮ ಕಡೆಗೆ ಬನ್ನಿ. ಈ ಗಾಯನಕ್ಕೆ ಎಂಟು ಮೋಡ್‌ಗಳಿವೆ, ಅಂದರೆ ಸ್ವರಗಳು ಕೂರುವ ಎಂಟು ಕ್ರಮಗಳು. ಸಂಗೀತ ಕಲಿತವರು ಇದನ್ನು ಹಾರ್ಮೋನಿಯಂ ಮೇಲೆ ನುಡಿಸಿ ನೋಡಿ. ಮೊದಲ ಮೋಡ್‌ನ ಸ್ವರಗಳು ಬಹುಪಾಲು ನಮ್ಮ ಖರಹರಪ್ರಿಯ ರಾಗದವು. ಮೂರನೆಯದು ತೋಡಿಯ ಸ್ವರಸ್ಥಾನಗಳ ಮೇಲೆ ನಿಲ್ಲುತ್ತದೆ. ಐದನೆಯದು ಕಲ್ಯಾಣಿ, ಏಳನೆಯದು ಹರಿಕಾಂಭೋಜಿ. ಸ್ವರ ಒಂದೇ ಆದರೂ ಗಮಕ (ಸ್ವರವನ್ನು ತೂಗುವುದು) ಇಲ್ಲ, ನಡೆ ಬೇರೆ. ಹಾಗಾಗಿ ಕೇಳಿದಾಗ ರಾಗ ಅನ್ನಿಸುವುದಿಲ್ಲ. ಆದರೂ ಕರ್ನಾಟಕ ಸಂಗೀತ ಕಲಿತ ಹುಡುಗಿಯೊಬ್ಬಳಿಗೆ ಮೂರನೇ ಮೋಡ್‌ನ ಒಂದು ಸಾಲು ಹಾಡಿ ತೋರಿಸಿದ್ದೆ. ಅವಳು ಎರಡೇ ಸಲಕ್ಕೆ ಹಿಡಿದಳು. ಕೀಬೋರ್ಡ್ ಕಲಿತ ನಮಗೆಲ್ಲ ಒಂದು ವಾರ ಬೇಕಾಗಿತ್ತು.

ಇನ್ನೊಂದು ನಂಟು. ನಮಗೆ ಸರಿಗಮ ಇದ್ದ ಹಾಗೆ ಅವರಿಗೆ ದೊ ರೆ ಮಿ. ಅದು ಹುಟ್ಟಿದ್ದು ಹಾಡು ಕಲಿಸುವುದಕ್ಕೇ. 11ನೇ ಶತಮಾನದಲ್ಲಿ ಇಟಲಿಯ ಅರೆಜ್ಜೊ ಊರಿನ ಗ್ವಿದೊ ಅನ್ನುವ ಸನ್ಯಾಸಿ, ಯೇಸುವಿಗೆ ದೀಕ್ಷಾಸ್ನಾನ ಕೊಟ್ಟ ಸ್ನಾನಿಕ ಯೊವಾನ್ನರ ಹಬ್ಬದ ಒಂದು ಲ್ಯಾಟಿನ್ ಗೀತೆಯನ್ನು ತೆಗೆದುಕೊಂಡರು. ಅದರ ಒಂದೊಂದು ಸಾಲೂ ಹಿಂದಿನದಕ್ಕಿಂತ ಒಂದು ಸ್ವರ ಮೇಲೆ ಶುರುವಾಗುತ್ತಿತ್ತು. ಸಾಲುಗಳ ಮೊದಲ ಅಕ್ಷರಗಳು ಉತ್, ರೆ, ಮಿ, ಫಾ, ಸೊಲ್, ಲಾ. "ಉತ್" ಮುಂದೆ "ದೊ" ಆಯಿತು.

ಅರ್ಥವಾಗದ ಲ್ಯಾಟಿನ್ ಹಾಡನ್ನು ಈಗಲೂ ಯಾಕೆ ಹಾಡುತ್ತೀರಿ?

ಬಹಳ ಹಾಡುವುದಿಲ್ಲ. ಪರಮಪ್ರಸಾದದ ಆಶೀರ್ವಾದದ ಹೊತ್ತಿಗೆ "ತಾಂತುಂ ಎರ್ಗೊ" ಹಾಡುತ್ತೇವೆ. ಅದು 13ನೇ ಶತಮಾನದಲ್ಲಿ ಸಂತ ಥಾಮಸ್ ಅಕ್ವಿನಾಸರು ಬರೆದ ಗೀತೆಯ ಕೊನೆಯ ಎರಡು ಚರಣ. ಊರಿನ ಹಿರಿಯರು ಅದನ್ನು ಪುಸ್ತಕ ನೋಡದೆ ಹಾಡುತ್ತಾರೆ. ಧರ್ಮಕ್ಷೇತ್ರದ ದೊಡ್ಡ ಪೂಜೆಗಳಲ್ಲಿ ಕನ್ನಡ, ತಮಿಳು, ಕೊಂಕಣಿ, ಮಲಯಾಳಂ ಮಾತಾಡುವವರೆಲ್ಲ ಸೇರಿರುತ್ತಾರೆ. ಅವರೆಲ್ಲರ ಬಾಯಿಗೂ ಬರುವ ಹಾಡು ಅದೊಂದೇ ಆಗಿರುವುದನ್ನು ಎಷ್ಟೋ ಸಲ ನೋಡಿದ್ದೇನೆ. ಅರ್ಥವನ್ನು ಮೊದಲೇ ಒಂದೆರಡು ಮಾತಿನಲ್ಲಿ ಹೇಳಿಬಿಡುವುದು ಒಳ್ಳೆಯದು, ನಾವು ಹೇಳುತ್ತೇವೆ.

ಕೆಲವು ಹಳೆಯ ಕನ್ನಡ ಹಾಡುಗಳ ಮಾತು ಯಾಕೆ ಎಳೆದಾಡಿದ ಹಾಗೆ ಕೇಳಿಸುತ್ತದೆ?

ಪಶ್ಚಿಮದ ರಾಗಕ್ಕೆ ಕನ್ನಡದ ಮಾತು ತುಂಬಿದ್ದರಿಂದ. ಬೇರೆ ಭಾಷೆಯ ಮಾತಿಗೆ ಹೊಂದಿಸಿ ಮಾಡಿದ ರಾಗ ಅದು. ಒತ್ತು ಎಲ್ಲಿ ಬೀಳಬೇಕು ಅಂತ ಅದಕ್ಕೊಂದು ಲೆಕ್ಕ ಇರುತ್ತದೆ. ನಮ್ಮ ಕನ್ನಡದ ಲೆಕ್ಕ ಬೇರೆ, ಇಲ್ಲಿ ಹ್ರಸ್ವ ದೀರ್ಘವೇ ಪ್ರಾಣ. "ಬಲ" ಅನ್ನುವುದನ್ನು ಉದ್ದ ಸ್ವರಕ್ಕೆ ಕೂರಿಸಿದರೆ "ಬಾಲ" ಆಗುತ್ತದೆ. "ಮನ" ಹೋಗಿ "ಮಾನ" ಆಗುತ್ತದೆ, "ಪದ" ಹೋಗಿ "ಪಾದ". ದೇವರನ್ನು "ನನ್ನ ಬಲವೇ" ಎಂದು ಕರೆಯಬೇಕಾದ ಜಾಗದಲ್ಲಿ ಮಕ್ಕಳು ಬೇರೇನೋ ಹಾಡುತ್ತಿದ್ದರೆ ತಪ್ಪು ಮಕ್ಕಳದ್ದಲ್ಲ.

ಮಾತನ್ನು ಅಲ್ಲಲ್ಲಿ ಒಡೆಯುವುದು ಇನ್ನೊಂದು ತೊಂದರೆ. "ರಕ್ಷಿಸು" ಅನ್ನುವುದನ್ನು "ರಕ್ಷಿ" ಅಂತ ನಿಲ್ಲಿಸಿ, ಉಸಿರೆಳೆದು, "ಸು" ಅಂತ ಮುಂದಿನ ಸಾಲಿಗೆ ಹಾಕುವುದು. ಕೇಳುವವರಿಗೆ ಪ್ರಾರ್ಥನೆ ತುಂಡಾಗುತ್ತದೆ.

ಅನುವಾದ ಮಾಡಿದ ಹಿರಿಯರನ್ನು ನಾನು ದೂರುವುದಿಲ್ಲ. ಲ್ಯಾಟಿನ್ ಹೋಗಿ ಕನ್ನಡ ಬಂದಾಗ ನಾಳೆ ಬೆಳಿಗ್ಗೆಗೇ ಹಾಡು ಬೇಕಿತ್ತು. ಇದ್ದ ರಾಗಕ್ಕೆ ಮಾತು ಕೊಟ್ಟು ಅವರು ಸಭೆಯನ್ನು ಹಾಡಿಸಿದರು. ಈಗ ನಮಗೆ ಸಮಯ ಇದೆ. ಹೊಸ ಹಾಡು ಯಾರು ತಂದರೂ ಮೊದಲು ರಾಗ ಬಿಟ್ಟು ಬರೀ ಸಾಹಿತ್ಯವನ್ನು ಜೋರಾಗಿ ಓದುತ್ತೇವೆ. ಓದುವಾಗ ಸರಾಗವಾಗಿದ್ದದ್ದು ಹಾಡುವಾಗ ತಡವರಿಸಿದರೆ ರಾಗವನ್ನೇ ತಿದ್ದಬೇಕು.

ತಬಲ, ಹಾರ್ಮೋನಿಯಂ, ಗಿಟಾರ್ ಎಲ್ಲ ಬಾರಿಸಲು ಧರ್ಮಸಭೆಯ ಒಪ್ಪಿಗೆ ಇದೆಯಾ?

ಇದೆ. 1963ರ ಅದೇ ದಸ್ತಾವೇಜು ಪೈಪ್ ಆರ್ಗನ್‌ಗೆ ದೊಡ್ಡ ಗೌರವ ಕೊಡುತ್ತದೆ. ಪವಿತ್ರ ಬಳಕೆಗೆ ಹೊಂದುವ ಬೇರೆ ವಾದ್ಯಗಳನ್ನೂ ಒಪ್ಪುತ್ತದೆ. ತಮ್ಮದೇ ಸಂಗೀತ ಪರಂಪರೆ ಇರುವ ನಾಡುಗಳಲ್ಲಿ ಆ ಪರಂಪರೆಗೆ ತಕ್ಕ ಜಾಗ ಕೊಡಬೇಕು ಅಂತಲೂ ಹೇಳುತ್ತದೆ. ತಬಲ ನಮ್ಮಲ್ಲಿ ಹೊರಗಿನಿಂದ ನುಸುಳಿದ್ದಲ್ಲ, ಕರೆದು ಕೂರಿಸಿದ್ದು.

ನಾವು ನೋಡುವುದು ಒಂದನ್ನೇ: ವಾದ್ಯದ ಸದ್ದಿನಲ್ಲಿ ಮಾತು ಕೇಳಿಸುತ್ತಿದೆಯಾ? ಕೀಬೋರ್ಡಿನಲ್ಲಿ ಮೊದಲೇ ತುಂಬಿಟ್ಟ ತಾಳ ಹಾಕುವುದನ್ನು ನಾವು ಬಿಟ್ಟಿದ್ದೇವೆ. ಆ ಯಂತ್ರ ಗುರುಗಳಿಗಾಗಿ ಕಾಯುವುದಿಲ್ಲ, ಕೋಲೂರಿಕೊಂಡು ಪರಮಪ್ರಸಾದಕ್ಕೆ ಬರುವ ಅಮ್ಮನಿಗಾಗಿಯೂ ಕಾಯುವುದಿಲ್ಲ. ತಬಲ ನುಡಿಸುವವನು ಕಾಯುತ್ತಾನೆ.

ಮಂಗಳೂರಿನವರು ನಾಲ್ಕು ದನಿಯಲ್ಲಿ ಹಾಡುತ್ತಾರೆ, ನೀವು ಯಾಕೆ ಒಂದೇ ದನಿ?

ಕರಾವಳಿಯ ಕೊಂಕಣಿ ಕಥೋಲಿಕರ ಹಿಂದೆ ಗೋವಾದ ನಂಟಿದೆ, ಅಲ್ಲಿಂದ ಬಂದ ಪೋರ್ಚುಗೀಸರ ಕಾಲದ ಸಂಗೀತದ ರೂಢಿ ಇದೆ. ಸೊಪ್ರಾನೊ, ಆಲ್ಟೊ, ಟೆನರ್, ಬಾಸ್ ಅಂತ ಮೇಲಿನ ದನಿಯಿಂದ ಕೆಳಗಿನ ದನಿಯವರೆಗೆ ಹಂಚಿಕೊಂಡು ಹಾಡುವುದು ಅವರಿಗೆ ಮನೆಯ ಅಭ್ಯಾಸ. ಹಳೇ ಮೈಸೂರು ಕಡೆ ನಮ್ಮ ಹಾಡುಗಳು ಭಜನೆ, ಜಾನಪದ, ಸುಗಮ ಸಂಗೀತದ ದಾರಿಯಲ್ಲಿ ಬೆಳೆದವು. ಅವುಗಳ ಚೆಂದ ಒಂದೇ ಎಳೆಯ ರಾಗದಲ್ಲಿದೆ. ನಾಲ್ಕು ದನಿ ಸೇರಿಸಿದರೆ ಕೆಲವಕ್ಕೆ ಕಳೆ ಬರುತ್ತದೆ, ಕೆಲವು ಕಲಸಿಹೋಗುತ್ತವೆ. ದೊಡ್ಡ ಹಬ್ಬಕ್ಕೆ ಒಂದೆರಡು ಹಾಡನ್ನು ನಾವೂ ದನಿ ಹಂಚಿ ಹಾಡುತ್ತೇವೆ. ಕಲಿಸಲು ಬರುವವರು ಮಂಗಳೂರಿನವರೇ.

ತಪಸ್ಸುಕಾಲದಲ್ಲಿ ವಾದ್ಯ ಯಾಕೆ ಕಡಿಮೆ?

ತಪಸ್ಸುಕಾಲ ಶುರುವಾಗುವ ವಿಭೂತಿ ಬುಧವಾರದಿಂದ "ಅಲ್ಲೆಲೂಯ" ಅನ್ನುವ ಸ್ತುತಿಯ ಘೋಷ ನಿಲ್ಲುತ್ತದೆ. ಭಾನುವಾರಗಳಲ್ಲಿ ಮಹಿಮೆಯ ಗೀತೆಯೂ ಇಲ್ಲ. ವಾದ್ಯಗಳು ಹಾಡಿಗೆ ಆಸರೆಯಾಗಿ ಮಾತ್ರ ಇರಬೇಕು, ತಾವಾಗಿ ಮೆರೆಯಬಾರದು. ಪವಿತ್ರ ಗುರುವಾರದ ಸಂಜೆ ಮಹಿಮೆಯ ಗೀತೆ ಮತ್ತೆ ಬರುತ್ತದೆ, ಗಂಟೆಗಳೆಲ್ಲ ಬಾರಿಸುತ್ತವೆ, ಆಮೇಲೆ ಮೌನ. ಶನಿವಾರ ರಾತ್ರಿಯ ಪಾಸ್ಖ (ಈಸ್ಟರ್) ಜಾಗರಣೆಯಲ್ಲಿ ಅದೇ ಗೀತೆ ಬರುವವರೆಗೆ ಗಂಟೆ ಇಲ್ಲ. ಹಾಡಿಗೆ ಆಸರೆಯಾಗಿ ವಾದ್ಯ ಬಳಸಬಹುದು, ಆದರೆ ಆ ಹೊತ್ತಿನಲ್ಲಿ ನಾವು ಪೂರ್ತಿ ಬಿಟ್ಟುಬಿಡುತ್ತೇವೆ.

ಮೊದಲ ಸಲ ಹಾಗೆ ಮಾಡಿದ ಶುಭ ಶುಕ್ರವಾರ ನೆನಪಿದೆ. ನಮ್ಮ ಕೀಬೋರ್ಡ್ ಹುಡುಗ ಕೈಕಟ್ಟಿ ಕೂತಿದ್ದ. ಶಿಲುಬೆಗೆ ನಮಿಸಲು ಜನ ಸಾಲಾಗಿ ಬರುತ್ತಿದ್ದರು. ನಾವು ಶುರು ಮಾಡಿದ ಹಾಡು ಎರಡನೇ ಸಾಲಿಗೆ ಸ್ವಲ್ಪ ಕೆಳಗಿಳಿಯಿತು, ಶ್ರುತಿ ಹಿಡಿಯಲು ಏನೂ ಇರಲಿಲ್ಲ. ನನಗೆ ಗಾಬರಿ. ಅಷ್ಟರಲ್ಲಿ ಹಿಂದಿನ ಬಾಗಿಲ ಕಡೆಯಿಂದ ಹೆಂಗಸರು ಎತ್ತಿಕೊಂಡರು. ಎಷ್ಟೋ ವರ್ಷ ಅವರು ಹಾಡುತ್ತಲೇ ಇದ್ದರಂತೆ. ನಮ್ಮ ಸ್ಪೀಕರಿನ ಸದ್ದಿನಲ್ಲಿ ನಮಗೆ ಕೇಳಿಸಿರಲಿಲ್ಲ.

ಅದರ ಮರುರಾತ್ರಿ, ಕತ್ತಲ ಚರ್ಚಿನಲ್ಲಿ, ಪಾಸ್ಖ ಮೇಣದಬತ್ತಿಯ ಪಕ್ಕ ಒಬ್ಬರೇ ನಿಂತು ಹಾಡುವ ಘೋಷಣೆ ಇದೆಯಲ್ಲ, ಇಡೀ ವರ್ಷದಲ್ಲಿ ನನಗೆ ಅತ್ಯಂತ ಪ್ರಿಯವಾದದ್ದು ಅದು. ಮೇಣ ಕೊಟ್ಟ ಜೇನುನೊಣಗಳನ್ನೂ ಮರೆಯದೆ ನೆನೆಯುವ ಪ್ರಾರ್ಥನೆ. ಸುಮಾರು ಹತ್ತು ನಿಮಿಷ ಒಂಟಿ ದನಿ. ವಾದ್ಯ ಬೇಡವೇ ಬೇಡ.

ಗುರುದೀಕ್ಷೆಯ ಪೂಜೆಯಲ್ಲಿ ಅಷ್ಟು ಉದ್ದ ಹಾಡುವುದು ಏನನ್ನು?

ಸಕಲ ಸಂತರ ಪ್ರಾರ್ಥನಾಮಾಲೆ. ಗುರುಗಳಾಗಲಿರುವವರು ಪೀಠದ ಮುಂದೆ ನೆಲಕ್ಕೆ ಮುಖವಿಟ್ಟು ಬೋರಲಾಗಿ ಮಲಗಿರುತ್ತಾರೆ. ನಾವು ಒಬ್ಬೊಬ್ಬ ಸಂತರ ಹೆಸರು ಹಾಡುತ್ತೇವೆ, ಜನ "ನಮಗಾಗಿ ಪ್ರಾರ್ಥಿಸಿರಿ" ಅನ್ನುತ್ತಾರೆ. ಕೆಲವೇ ಸ್ವರಗಳ ಏರಿಳಿತ, ಮತ್ತೆ ಮತ್ತೆ ಅದೇ. ಸಂಗೀತಗಾರನಿಗೆ ಇದರಲ್ಲಿ ಮೆರೆಯಲು ಏನೂ ಇಲ್ಲ. ಆದರೆ ಅಲ್ಲಿ ಮಲಗಿರುವ ಹುಡುಗನ ತಾಯಿ ಮೊದಲ ಸಾಲಿನಲ್ಲಿ ಕೂತು ಒಂದೊಂದು ಹೆಸರಿಗೂ ಉತ್ತರ ಕೊಡುವುದನ್ನು ನೋಡಿದರೆ ಗಂಟಲು ಕಟ್ಟುತ್ತದೆ. ಅದಕ್ಕೇ ಇಬ್ಬರು ಸರದಿಯಲ್ಲಿ ಹಾಡುತ್ತೇವೆ. ಒಬ್ಬರಿಗೆ ದನಿ ನಿಂತರೆ ಇನ್ನೊಬ್ಬರು ಎತ್ತಿಕೊಳ್ಳಬೇಕು.

ಮದುವೆಗೆ ಸಿನಿಮಾ ಹಾಡು ಹಾಡುತ್ತೀರಾ?

ಪೂಜೆಯಲ್ಲಿ ಇಲ್ಲ. ಊಟದ ಹಾಲ್‌ನಲ್ಲಿ ಎಷ್ಟು ಬೇಕಾದರೂ ಹಾಡಿ, ನಾವೂ ಬರುತ್ತೇವೆ. ಸಿನಿಮಾ ರಾಗಕ್ಕೆ ಭಕ್ತಿಯ ಮಾತು ಹೊಂದಿಸಿದ್ದೂ ಬೇಡ. ಕೇಳುವವರ ಮನಸ್ಸು ಆ ಸಿನಿಮಾಕ್ಕೇ ಹೋಗುತ್ತದೆ. ಮೊಬೈಲಿನಿಂದ ಟ್ರ್ಯಾಕ್ ಹಾಕಿ ಹಾಡುವುದನ್ನೂ ನಾವು ಒಪ್ಪುವುದಿಲ್ಲ.

ಹೆಂಗಸರು ಗಾನವೃಂದದಲ್ಲಿ ಹಾಡುವುದು ಮೊದಲಿನಿಂದಲೂ ಇತ್ತಾ?

ಇರಲಿಲ್ಲ. 1903ರಲ್ಲಿ ಪೋಪ್ ಹತ್ತನೇ ಪಿಯೂಸ್ ಸಂಗೀತದ ಬಗ್ಗೆ ಕೊಟ್ಟ ಆದೇಶದಲ್ಲಿ, ಗಾನವೃಂದದಲ್ಲಿ ಹೆಂಗಸರು ಇರಬಾರದು, ಮೇಲಿನ ದನಿಗೆ ಹುಡುಗರು ಇರಬೇಕು ಅಂತ ಇತ್ತು. 1967ರ ಸೂಚನೆ ಗಂಡಸರು ಹೆಂಗಸರು ಸೇರಿದ ವೃಂದವನ್ನೂ, ಕೆಲವು ಕಡೆ ಹೆಂಗಸರದ್ದೇ ವೃಂದವನ್ನೂ ಒಪ್ಪಿತು. ಇವತ್ತು ನಮ್ಮ ಹಳ್ಳಿ ಚರ್ಚುಗಳಲ್ಲಿ ಹಾಡು ಉಳಿದಿದ್ದರೆ ಅದು ಸಿಸ್ಟರ್‌ಗಳಿಂದ ಮತ್ತು ಊರಿನ ಹೆಣ್ಣುಮಕ್ಕಳಿಂದ.

ಬೇರೆ ಧರ್ಮದವರು ಬಂದು ವಾದ್ಯ ನುಡಿಸಬಹುದಾ?

ನಮ್ಮಲ್ಲಿ ನುಡಿಸುತ್ತಾರೆ. ನಮ್ಮ ತಬಲದ ಅಣ್ಣ ಹಿಂದೂ. ಶುಭಸಂದೇಶ ಓದುವಾಗ ಎಲ್ಲರಿಗಿಂತ ಮೊದಲು ಎದ್ದು ನಿಲ್ಲುವವರು ಅವರೇ.

ನನಗೆ ಸಂಗೀತ ಗೊತ್ತಿಲ್ಲ. ಸೇರಬಹುದಾ? ಸಂಬಳ ಕೊಡ್ತಾರಾ?

ಸಂಬಳ ಇಲ್ಲ. ಹಬ್ಬದ ದಿನ ಊಟ ಇದೆ.

ಸಂಗೀತ ಗೊತ್ತಿರಬೇಕಾಗಿಲ್ಲ, ಆದರೆ ಪಕ್ಕದವರ ದನಿಯನ್ನು ಕೇಳಿಸಿಕೊಳ್ಳಲು ಬರಬೇಕು. ಹೊಸಬರನ್ನು ನಾವು ಹಾಡಿಸಿ ಪರೀಕ್ಷೆ ಮಾಡುವುದಿಲ್ಲ. ಬೈಬಲಿನ ಒಂದು ಕೀರ್ತನೆಯನ್ನು ಓದಿಸುತ್ತೇವೆ. ಎಲ್ಲಿ ನಿಲ್ಲಿಸುತ್ತಾರೆ, ಯಾವ ಮಾತಿಗೆ ತೂಕ ಕೊಡುತ್ತಾರೆ ಅನ್ನುವುದು ಅಲ್ಲೇ ತಿಳಿಯುತ್ತದೆ. ಮೊದಲ ಎರಡು ತಿಂಗಳು ಹಿಂದಿನ ಸಾಲಿನಲ್ಲಿ ನಿಂತು ಹಾಡಿದರೆ ಸಾಕು. ಮೈಕ್ ಕೇಳಬೇಡಿ. ವಾರಕ್ಕೆ ಒಂದು ಸಂಜೆ ಅಭ್ಯಾಸ, ತಪ್ಪಿಸಬಾರದು. ಒಳ್ಳೆಯ ಕಂಠ ಇದ್ದೂ ಅಭ್ಯಾಸಕ್ಕೆ ಬಾರದವರಿಗಿಂತ, ಸಾಧಾರಣ ಕಂಠದವರು ಪ್ರತಿ ವಾರ ಬಂದರೆ ವೃಂದ ನಿಲ್ಲುತ್ತದೆ.

ನಮ್ಮ ಅಜ್ಜಿಯ ಹತ್ತಿರ ಹಳೆಯ ಹಾಡಿನ ಪುಸ್ತಕ ಇದೆ. ನಿಮಗೆ ಬೇಕಾ?

ಬೇಕು, ದಯವಿಟ್ಟು ತನ್ನಿ. ಆದರೆ ಪುಸ್ತಕಕ್ಕಿಂತ ಮೊದಲು ಅಜ್ಜಿ ಬೇಕು. ಹಳೆಯ ಪುಸ್ತಕಗಳಲ್ಲಿ ಸಾಹಿತ್ಯ ಇದೆ, ರಾಗ ಇಲ್ಲ. ಯಾವ ಹಾಡಿಗೆ ಯಾವ ರಾಗ ಅನ್ನುವುದು ಹಾಡಿದವರ ಬಾಯಲ್ಲಿ ಮಾತ್ರ ಉಳಿದಿದೆ. ಅವರ ಪಕ್ಕ ಕೂತು ಮೊಬೈಲಿನಲ್ಲಿ ರೆಕಾರ್ಡ್ ಮಾಡಿ. ಫ್ಯಾನ್ ಆರಿಸಿ, ಟಿವಿ ನಿಲ್ಲಿಸಿ. ಒಂದು ಚರಣ ಸಾಕು ಅನ್ನಬೇಡಿ, ಪೂರ್ತಿ ಹಾಡಿಸಿ. ಎರಡನೇ ಚರಣದಲ್ಲಿ ರಾಗ ತುಸು ತಿರುಗುವುದುಂಟು. ಯಾವ ಊರಿನಲ್ಲಿ, ಯಾವ ಹಬ್ಬಕ್ಕೆ, ಯಾರಿಂದ ಕಲಿತರು ಅನ್ನುವುದನ್ನೂ ಅವರ ಬಾಯಿಂದಲೇ ಹೇಳಿಸಿ. ದನಿ ನಡುಗಿದರೂ ಪರವಾಗಿಲ್ಲ, ನಾವು ಕೇಳಿ ಬರೆದುಕೊಳ್ಳುತ್ತೇವೆ.